ಬದುಕಿದಾಕಿಗೆ ತಂದ ಮಾಲೆ

ಬಾಗಿಲು ತೆಗೆದ ಮಹಾನಂದಾಳ ಎದುರು, ಎರಡೂ ಕೈಯಲ್ಲಿ ಸೇವಂತಿಗೆ ಮಾಲೆ ಹಿಡಿದ ಗಂಡಸೊಬ್ಬ ನಿಂತಿದ್ದ. ತಲೆ ತಗ್ಗಿಸಿದ್ದ. ಚಪ್ಪಲಿಯನ್ನು ಆಗಲೇ ಕಟ್ಟೆಯ ಕೆಳಗೆ ಬಿಟ್ಟಿದ್ದ.

"ಯಾರ ಬೇಕಾಗಿತ್ರಿ?"

"ಮಣ್ಣು ಆತೇನ್ರಿ?" ಎಂದ ಅವನು. "ನವಲಗುಂದದಾಗ ಬಸ್ ತಪ್ಪಿತು... ತಡಾ ಆತು."

"ಯಾರ ಮಣ್ಣು?"

"ಮಹಾನಂದಾ ಅವರದು..."

ಮಹಾನಂದಾಳ ಕೈ ಬಾಗಿಲ ಚಿಲಕದ ಮೇಲೆಯೇ ನಿಂತಿತು. ಅವನು ನಿಧಾನವಾಗಿ ತಲೆ ಎತ್ತಿದ. ಮೊದಲು ಕಂಡದ್ದು ಅವಳ ಹೆಗಲಾಚೆಯ ಗೋಡೆ. ಅಲ್ಲಿ ಮಹಾನಂದಾಳ ಫೋಟೋ. ಫೋಟೋಕ್ಕೆ ಗಂಧದ ಮಾಲೆ. ಆಮೇಲೆ ಬಾಗಿಲಲ್ಲಿ ನಿಂತವಳ ಮುಖ ನೋಡಿದ. ಮತ್ತೆ ಫೋಟೋ ನೋಡಿದ.

"ನೀವು... ಅವರ ತಂಗ್ಯಾರೇನ್ರಿ?"

"ನಾನ ಮಹಾನಂದಾ!"

ಮಾಲೆ ಕೈಜಾರಿ ಹೊಸ್ತಿಲ ಮೇಲೆ ಬಿತ್ತು.

"ಮತ್ತ ಆ ಫೋಟೋ..."

"ಅದು ಸಿನಿಮಾದ್ದು. ಹೀರೋನ ಅವ್ವ ಆಗಿದ್ದೆ, ಸತ್ತೆ. ಚೌಕಟ್ಟು ಛಲೋ ಇತ್ತು ಅಂತ ಕೇಳಿ ತಗೊಂಡ ಬಂದೆ."

"ನಮ್ಮ ಕಲಾವಿದರ ಗ್ರೂಪಿನ್ಯಾಗ ಈ ಫೋಟೋ ಹಾಕಿ, ಕೆಳಗ ಓಂ ಶಾಂತಿ ಅಂತ..." ಅಳುತ್ತಿದ್ದಾನೋ ನಗುತ್ತಿದ್ದಾನೋ ತಿಳಿಯದಂತೆ ಅವನ ಮುಖ ಅಲುಗಿತು. "ಬದುಕೀರಿ! ಬದುಕೀರಲ್ರೀ..."

ನಗು ಬಂತು ಅವಳಿಗೆ. ಬಂದ ನಗು ತುಟಿಯಲ್ಲೇ ನಿಂತಿತು.

ಈ ದನಿ... ಈ ದನಿ ಎಲ್ಲೋ ಕೇಳಿದ್ದು!

ಪಡದೆಯ ಸಂದಿಯಿಂದ, ಕೆಳದನಿಯಲ್ಲಿ, ಒಂದೊಂದೇ ಸಾಲು ಕೈಗಿಟ್ಟಂತೆ ಕೊಡುತ್ತಿದ್ದ ದನಿ. ಮುಖ ಮರೆತಿರಬಹುದು, ಆದರೆ ಈ ದನಿಯನ್ನು ಹೇಗೆ ಮರೆತಾಳು?

"ತಿರ್ಲಾಪುರದ ಫಕೀರೇಶ," ಅಂದಳು ಅವಳು. ಕೇಳಲಿಲ್ಲ, ಹೇಳಿದಳು.

"ಹೌದ್ರಿ..."

"ಹನ್ನೆರಡ ವರ್ಷದ ಹಿಂದ ಬದುಕಿದ್ದಾಗ ನನ್ನ ಮಾನ ಕಳದ್ರಿ. ಈಗ ಸತ್ತಮ್ಯಾಲೆ ಮಾಲಿ ತಂದ್ರೇನು?"

"ಒಂದ ಮಾತು ಕೇಳ್ರಿ..."

ಬಾಗಿಲು ದಡ್ ಎಂದು ಮುಚ್ಚಿತು.

*

ಅಣ್ಣಿಗೇರಿಯ ಆ ಓಣಿಯಲ್ಲಿ ಯಾವ ಬಾಗಿಲು ಜೋರಾಗಿ ಮುಚ್ಚಿದರೂ ಪಕ್ಕದ ಮನೆಯ ಖಾತುನಬಿಗೆ ಗೊತ್ತಾಗುತ್ತಿತ್ತು. ಒಂದು ಕಾಲದಲ್ಲಿ ನಾಟಕದಲ್ಲಿ ನಗಿಸುವ ಪಾತ್ರಗಳ ರಾಣಿ ಅವಳು. ಈಗ ಅರವತ್ತೈದು ವಯಸ್ಸು, ಮೊಣಕಾಲು ನೋವು, ಆದರೆ ನಾಲಿಗೆ ಮಾತ್ರ ಇನ್ನೂ ಕಂಪನಿಯಲ್ಲೇ ಇತ್ತು.

ಒಳಗೆ ಬಂದವಳ ಕೈಯಲ್ಲಿ ಹೊಸ್ತಿಲ ಮೇಲೆ ಬಿದ್ದ ಮಾಲೆ ಇತ್ತು.

"ಇಷ್ಟ ಛಲೋ ಹೂವು ಯಾರರ ಬಿಟ್ಟ ಹೋಗ್ತಾರೇನ ಬೇ? ಯಾರವಾ?"

"ಯಾರೂ ಅಲ್ಲ ಆಪಾ."

"ಯಾರೂ ಅಲ್ದಾಂವ ಓಣಿ ತುದಿಯಾಗ ಕುಂತು ಸಣ್ಣ ಹುಡುಗನಂಗ ಅಳಾಕತ್ತಾನ. ನೀರು ಕೊಟ್ಟ ಬಂದೆ." ಖಾತುನಬಿ ಒಂದು ಹೂವು ಕಿತ್ತು ತನ್ನ ಮುಡಿಗೆ ಸಿಕ್ಕಿಸಿಕೊಂಡಳು. "ಆ ಫೋಟೋ ಗ್ರೂಪಿಗೆ ಹಾಕಿದಾಕಿ ನಾನ. ಚೌಕಟ್ಟು ಎಷ್ಟ ಚಂದೈತಿ ನೋಡ್ರಿ ಅಂತ ಹಾಕಿದ್ದೆ. ಯಾವನೋ ಓಂ ಶಾಂತಿ ಅಂದ, ಬಾಕಿಯವರು ಹಿಂದ ಬಿದ್ರು. ಎಪ್ಪತ್ತ ಮಂದಿ ಓಂ ಶಾಂತಿ ಅಂದಾರ. ಎಪ್ಪತ್ತರಾಗ ಬಸ್ ಹತ್ತಿ ಬಂದಾಂವ ಇಂವಾ ಒಬ್ಬನ!"

ಮಹಾನಂದಾಳ ಮನಸ್ಸು ಹನ್ನೆರಡು ವರ್ಷ ಹಿಂದಕ್ಕೆ ಓಡುತ್ತಿತ್ತು.

ನಮ್ಮ ಹಳ್ಳಿಗಳ ನಾಟಕದ ರೀತಿ ಇದು: ಗಂಡು ಪಾತ್ರಕ್ಕೆ ಊರ ಗಂಡಸರು, ಹೆಣ್ಣು ಪಾತ್ರಕ್ಕೆ ಹೊರಗಿನಿಂದ ಕರೆಸಿದ ಕಲಾವಿದೆಯರು. ಊರ ಹೆಣ್ಣುಮಕ್ಕಳು ರಂಗ ಹತ್ತಿದರೆ ಊರ ಮಾನ ಹೋಗುತ್ತದೆ. ಕರೆಸಿದ ಹೆಣ್ಣಿಗೆ ಮಾನವೇ ಇಲ್ಲ ಎಂದು ಊರೇ ತೀರ್ಮಾನಿಸಿರುತ್ತದೆ! ಅವಳು ಮಧ್ಯಾಹ್ನ ಬಸ್ಸಿಳಿಯಬೇಕು, ಶಾಲೆಯ ಕೋಣೆಯಲ್ಲಿ ಗಂಟು ಇಡಬೇಕು, ಒಂದೇ ಒಂದು ತಾಲೀಮು ಮಾಡಿ ಸಂಜೆಗೆ ಬಣ್ಣ ಹಚ್ಚಬೇಕು. ಕಾಣದ ನಾಟಕ, ಕೇಳದ ಮಾತು. ಪಡದೆಯ ಮರೆಯಲ್ಲಿ ಪುಸ್ತಕ ಹಿಡಿದು ಪ್ರಾಂಪ್ಟ್ ಹೇಳುವವನ ದನಿಯೊಂದೇ ಅವಳ ಆಧಾರ. ಅವಳ ಅಳು ಊರಿಗೆ ಬೇಕು. ಅವಳಿಗೊಂದು ತಂಬಿಗೆ ನೀರು ಕೊಡಲು ಯಾವ ಮನೆಯ ಕೈಯೂ ಮುಂದೆ ಬರುವುದಿಲ್ಲ.

ತಿರ್ಲಾಪುರದಲ್ಲಿ ಮಾತ್ರ ಒಂದು ಕೈ ಬಂದಿತ್ತು. ತಾಲೀಮಿನ ನಡುವೆ, ತನ್ನ ಮನೆಯ ತಾಮ್ರದ ತಂಬಿಗೆಯಲ್ಲೇ ನೀರು ತಂದು ಕೊಟ್ಟಿದ್ದ ಫಕೀರೇಶ. ಊರ ಪಂಚಾಯ್ತಿಯ ಗ್ರಂಥಾಲಯ ನೋಡಿಕೊಳ್ಳುವವನು, ಆ ನಾಟಕಕ್ಕೆ ಪ್ರಾಂಪ್ಟರ್.

"ನೀವು ಮಾತು ಬರೇ ಹೇಳಂಗಿಲ್ರಿ," ಅಂದಿದ್ದ. "ಬಿತ್ತಿದಂಗ ಹೇಳ್ತೀರಿ."

ಆಗ ಅವಳಿಗೆ ಇಪ್ಪತ್ತೊಂಬತ್ತು. ಐದು ವರ್ಷದಿಂದ ಮುದುಕಿಯರ ಪಾತ್ರವನ್ನೇ ಮಾಡುತ್ತಿದ್ದವಳಿಗೆ, ತನಗೂ ಕೆನ್ನೆ ಕೆಂಪಾಗಬಹುದು ಎಂದು ಅಂದು ತಿಳಿಯಿತು.

"ನಾಟಕ ಮುಗದಮ್ಯಾಲೆ ನಿಮಗ ಒಂದ ಮಾತು ಹೇಳೂದೈತ್ರಿ," ಎಂದೂ ಅಂದಿದ್ದ.

ಆ ಸಂಜೆಯೇ ಹೀರೋ ಪಾತ್ರ ಮಾಡುತ್ತಿದ್ದ, ಊರ ಯಜಮಾನರ ಮಗ ಬಂದು, ನಡುವೆ ಎರಡು ಸಿನಿಮಾ ಹಾಡಿಗೆ ಕುಣಿಯಬೇಕು ಎಂದ. ತಾಯಿಯ ಪಾತ್ರ ಮಾಡಲು ಬಂದಿದ್ದೇನೆ, ಕುಣಿಯುವುದಿಲ್ಲ ಎಂದಳು. "ನೋಡೂಣು," ಎಂದು ಹಲ್ಲು ಕಚ್ಚಿ ಹೋದ.

ಕೊನೆಯ ದೃಶ್ಯ. ಮಗನ ಹೆಣದ ಮುಂದೆ ತಾಯಿ. ಸಾವಿರ ಜನ ಉಸಿರು ಬಿಗಿಹಿಡಿದು ಕೂತಿದ್ದರು. ಆಗ... ಪಡದೆಯ ಮರೆಯ ದನಿ ನಿಂತಿತು.

ಅವಳು ಕಾದಳು. ಮುಂದಿನ ಸಾಲಿಲ್ಲ. ಓರೆಗಣ್ಣಿನಲ್ಲಿ ನೋಡಿದಳು. ಫಕೀರೇಶ ಪುಸ್ತಕ ಹಿಡಿದು ಕತ್ತಲಲ್ಲಿ ಕಲ್ಲಿನಂತೆ ನಿಂತಿದ್ದ. ಒಂದು ಸೀಟಿ ಬಿತ್ತು. ಆಮೇಲೆ ನೂರು ಸೀಟಿ. "ಏ ನಾಟಕದಾಕೀ, ಮಾತ ನುಂಗಿದೇನ?" ಪಡದೆ ಎಳೆದರು.

"ಕುಣಿ ಅಂದ್ರ ಕುಣೀಲಿಲ್ಲ," ಯಜಮಾನರ ಮಗ ಮೀಸೆಯಲ್ಲಿ ನಕ್ಕಿದ್ದ. "ನಮ್ಮೂರ ಪ್ರಾಂಪ್ಟರ್ ನಮ್ಮ ಮಾತು ಕೇಳ್ತಾನವಾ."

ಅಷ್ಟೇ ಸಾಕಾಗಿತ್ತು. ಯಾರ ಮಾತನ್ನೂ ಕೇಳದೆ ಮೊದಲ ಬಸ್ಸು ಹತ್ತಿದ್ದಳು. ಕಿಟಕಿಯ ಹೊರಗೆ ಯಾರೋ ಓಡಿ ಬರುತ್ತಿದ್ದರು. ಅವಳು ತಿರುಗಿ ನೋಡಲಿಲ್ಲ.

*

ನಾಲ್ಕು ದಿನ ಬಿಟ್ಟು ನಿರ್ದೇಶಕ ಪ್ರಭುವಿನ ಫೋನು ಬಂತು. ಕುಂದಗೋಳದ ಹುಡುಗ, ಅವನ ಮೊದಲ ಸಿನಿಮಾ.

"ಮಹಾನಂದಕ್ಕಾ, ಪಾತ್ರ ನಿಮ್ಮದ. ಹತ್ತಿ ಹೊಲದ ಹೆಣ್ಣುಮಗಳು. ಮೂವತ್ತ ವರ್ಷ ದುಡದ ಹೊಲದ ಉತಾರದಾಗ, ಪಹಣಿಯಾಗ, ನನ್ನ ಹೆಸರು ಬರೀರಿ ಅಂತ ಊರ ಮುಂದ ನಿಂತು ಕೇಳ್ತಾಳ. ಮತ್ತ ಒಂದ ಮಾತು, ಈಕಿ ಸಾಯಂಗಿಲ್ಲ!"

"ಹೌದೇನೋ ತಮ್ಮಾ? ಪೂರಾ ಸಿನಿಮಾ ಬದುಕಿರ್ತೀನಿ?"

"ಬದುಕಿರ್ತೀರಿ. ಮತ್ತ ಡಬ್ಬಿಂಗ್ ಇಲ್ಲ. ನಿಮ್ಮ ದನೀನ ಇರ್ತೈತಿ."

ಮಹಾನಂದಾ ಫೋನನ್ನು ಕಿವಿಗೆ ಇನ್ನಷ್ಟು ಒತ್ತಿ ಹಿಡಿದಳು.

ಹನ್ನೊಂದು ಸಿನಿಮಾ ಮಾಡಿದ್ದಳು ಅವಳು. ಹನ್ನೊಂದರಲ್ಲೂ ಸತ್ತಿದ್ದಳು. ಹನ್ನೊಂದರಲ್ಲೂ ಅವಳ ಬಾಯಿಗೆ ಬೇರೆ ಯಾರದೋ ದನಿ ಹಚ್ಚಿದ್ದರು! ಮೊದಲ ಸಿನಿಮಾ ಬಂದಾಗ ಓಣಿಯವರನ್ನೆಲ್ಲ ಕರೆದುಕೊಂಡು ಗದಗಿನ ಟಾಕೀಸಿಗೆ ಹೋಗಿದ್ದಳು. ಪಡದೆಯ ಮೇಲೆ ಅವಳ ತುಟಿ ಅಲುಗಿದವು. ಹೊರಟದ್ದು ಯಾರೋ ಕಾಣದ ಹೆಂಗಸಿನ ನಯವಾದ ದನಿ. "ನಿಮ್ಮ ಭಾಷೆ ಸೆಂಟಿಮೆಂಟಿಗೆ ಆಗಲ್ಲಮ್ಮ," ಎಂದಿದ್ದರು ಕೇಳಿದ್ದಕ್ಕೆ.

ನಮ್ಮ ಮಾತು ಅವರಿಗೆ ನಗಿಸುವುದಕ್ಕೆ ಬೇಕು, ಅಳಿಸುವುದಕ್ಕೆ ಬೇಡ. ನಮ್ಮ ಕಡೆಯವರು ಅಳುವುದೇ ಇಲ್ಲವೇನು? ಅತ್ತರೆ ಬೇರೆಯವರ ಕನ್ನಡದಲ್ಲಿ ಅಳಬೇಕೇನು? ಹೆಣ್ಣಿನ ಮುಖ ಇಟ್ಟುಕೊಂಡು ನಾಲಿಗೆ ಕತ್ತರಿಸುವುದಕ್ಕೆ ಸಿನಿಮಾದವರು ಡಬ್ಬಿಂಗ್ ಅನ್ನುತ್ತಾರೆ. ಊರಲ್ಲಿ ಅದಕ್ಕೆ ಮರ್ಯಾದೆ ಅನ್ನುತ್ತಾರೆ. ಕತ್ತರಿ ಮಾತ್ರ ಒಂದೇ.

"ಶೂಟಿಂಗ್ ಎಲ್ಲಿ ತಮ್ಮಾ?"

"ತಿರ್ಲಾಪುರದಾಗ, ಅಕ್ಕಾ. ಹತ್ತಿ ಅಗದಿ ಬೆಳ್ಳಗ ಒಡದು ನಿಂತೈತಿ."

ಅವಳು ಫೋನು ಕೆಳಗಿಟ್ಟಳು.

"ನಾ ಹೋಗಂಗಿಲ್ಲ ಆಪಾ. ಆ ಊರಿಗೆ ನಾ ಕಾಲಿಡಂಗಿಲ್ಲ."

"ಹೋಗಬ್ಯಾಡ," ಎಂದಳು ಖಾತುನಬಿ, ಅವರೆಕಾಯಿ ಸುಲಿಯುತ್ತಾ. "ಇನ್ನೊಂದ ಹನ್ನೊಂದ ಸಲ ಸಾಯಿ. ಚೌಕಟ್ಟು ಬರ್ತಾವು."

"ಆಪಾ!"

"ಮತ್ತೇನ ಬೇ? ಊರಿನ ಮ್ಯಾಲಿನ ಸಿಟ್ಟಿಗೆ ತನ್ನ ಬಾಯಿ ತಾನ ಹೊಲಕೊಳ್ಳಾಕಿನ್ನ ನಾ ಇವತ್ತ ನೋಡಾಕತ್ತೇನಿ. ಏಳು, ಸೀರಿ ಕಟ್ಟು. ನಾನೂ ಬರ್ತೀನಿ."

*

ತಿರ್ಲಾಪುರದ ಹೊಲದಲ್ಲಿ ಕ್ಯಾಮೆರಾ ನಿಂತಿತ್ತು. ಊರ ಪಂಚರ ಪಾತ್ರಕ್ಕೆ ಊರವರೇ ಕೂತಿದ್ದರು.

"ಆ್ಯಕ್ಷನ್!"

ಮಹಾನಂದಾ ಬಾಯಿ ತೆರೆದಳು. ಎರಡು ಸಾಲು ಬಂದವು. ಮೂರನೆಯದು ಬರಲಿಲ್ಲ.

ಮತ್ತೆ. ಮತ್ತೆ. ಐದು ಸಲ ಆಯಿತು.

ಹನ್ನೊಂದು ಸಿನಿಮಾದಲ್ಲಿ "ನೀವು ಸುಮ್ಮನೆ ಬಾಯಿ ಆಡಿಸಿ" ಎಂದು ಕಲಿಸಿದ್ದರು. ಆಡಿಸಿ ಆಡಿಸಿ ಮಾತು ಹಿಡಿದಿಡುವ ಶಕ್ತಿಯೇ ಹೋಗಿತ್ತು. ಬೆಂಗಳೂರಿನಿಂದ ಬಂದ ಸಹಾಯಕ ಪಕ್ಕದಲ್ಲಿ ನಿಂತು ಸಾಲು ಹೇಳಿಕೊಟ್ಟರೂ, ಅವನು "ನನ್ನ ಹೆಸರನ್ನು ಬರೆಯಿರಿ" ಅಂದಾಗ ಅವಳ ನಾಲಿಗೆ ತನ್ನ ದಾರಿ ಯಾವುದು ಎಂದು ತಿಳಿಯದೆ ನಿಂತುಬಿಡುತ್ತಿತ್ತು. ಪಂಚರ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು.

ಬಿಸಿಲು ಇಳಿಯಿತು. ಪ್ರಭು ಹತ್ತಿರ ಬಂದು ಕುಕ್ಕರುಗಾಲಲ್ಲಿ ಕೂತ.

"ಅಕ್ಕಾ, ನಾಳೆ ಮುಂಜಾನೆ ಒಂದ ಸಲ ನೋಡೂಣು. ಆಗಲಿಲ್ಲಂದ್ರ... ನನ್ನ ಕೈಯಾಗ ಇಲ್ಲಕ್ಕಾ. ದುಡ್ಡು ಹಾಕಿದವರು ಡಬ್ಬಿಂಗ್ ಮಾಡು ಅಂತಾರ."

ಅವಳು ತಲೆ ಅಲ್ಲಾಡಿಸಿದಳು. ಅತ್ತರೆ ಅದೂ ಯಾರದೋ ದನಿಯಲ್ಲಿ ಬಂದೀತು ಎಂಬ ಭಯಕ್ಕೆ ಅಳಲಿಲ್ಲ.

ಮರುದಿನ ಮುಂಜಾನೆ ಬೇವಿನ ಗಿಡದ ಕೆಳಗೆ ಫಕೀರೇಶ ಕೂತಿದ್ದ. ಕೈಯಲ್ಲಿ ಕಾಗದ, ಮುಂದೆ ಸಣ್ಣ ಮೈಕು.

ಮಹಾನಂದಾ ಗಕ್ಕನೆ ನಿಂತಳು. "ಇವರನ್ನ ಯಾರ ಕರದ್ರು?"

ಪ್ರಭು ಖಾತುನಬಿಯ ಕಡೆ ನೋಡಿದ. ಖಾತುನಬಿ ಹತ್ತಿ ಗಿಡಗಳನ್ನು ಎಣಿಸುತ್ತಿರುವಂತೆ ಮುಖ ಆ ಕಡೆ ತಿರುಗಿಸಿದಳು. ಓಣಿ ತುದಿಯಲ್ಲಿ ನೀರು ಕೊಟ್ಟ ದಿನ ನಂಬರನ್ನೂ ಇಸಿದುಕೊಂಡಿದ್ದಳು!

"ಅಕ್ಕಾ, ಈ ಭಾಗದಾಗ ಇವರಂಥ ಪ್ರಾಂಪ್ಟರ್ ಇಲ್ಲಂತ. ನಿಮ್ಮ ಕಿವಿಯಾಗ ಇದನ್ನ ಇಡ್ತೀವಿ." ಕಡಲೆ ಕಾಳಿನಷ್ಟು ಸಣ್ಣ ಯಂತ್ರ ತೋರಿಸಿದ. "ಸೆರಗಿನ ಮರಿಗೆ ಕಾಣಂಗಿಲ್ಲ. ಅವರು ಅಲ್ಲಿ ಹೇಳಿದ್ದು ನಿಮಗೊಬ್ಬರಿಗೇ ಕೇಳಸ್ತೈತಿ."

ಅವಳು ಬೇವಿನ ಗಿಡದತ್ತ ನಡೆದಳು.

"ನಡುವ ನಿಲ್ಲಸಂಗಿಲ್ಲಲ್ರೀ?" ದನಿ ಚೂರಿಯಂತಿತ್ತು. "ಈಗ ಯಾರ ಮಾತು ಕೇಳಿ ಬಂದೀರಿ?"

"ಯಾರದೂ ಇಲ್ರಿ. ಅವತ್ತಿನಿಂದ ನಾ ಪ್ರಾಂಪ್ಟ್ ಹೇಳೂದು ಬಿಟ್ಟೇನಿ. ಆ ಪುಸ್ತಕಾನೂ ಸುಟ್ಟೆ." ಅವನು ಕಾಗದದಿಂದ ಕಣ್ಣೆತ್ತಲಿಲ್ಲ. "ನಿಮ್ಮ ಹನ್ನೊಂದೂ ಸಿನಿಮಾ ನೋಡೇನ್ರಿ. ದನಿ ಬಂದ್ ಮಾಡಿ ನೋಡ್ತೀನಿ."

"ಯಾಕ?"

"ಬಾಯಿ ನಿಮ್ಮದು, ದನಿ ಯಾರದೋ. ನನಗ ಸಹಿಸಾಕ ಆಗಂಗಿಲ್ಲ. ನಿಮ್ಮ ದನಿ ನನಗ ನೆನಪೈತಿ... ನಾನ ಹಚ್ಚಿಕೊಂಡು ನೋಡ್ತೀನಿ."

ಅವಳ ಸಿಟ್ಟಿಗೆ ಎಲ್ಲಿ ನಿಲ್ಲಬೇಕೋ ತಿಳಿಯಲಿಲ್ಲ. ತಿರುಗಿ ನಡೆದಳು. ಮೂರು ಹೆಜ್ಜೆಗೊಮ್ಮೆ ಎಡವಿದಳು.

"ಆ್ಯಕ್ಷನ್!"

ಕಿವಿಯೊಳಗೆ ಆ ದನಿ ಬಂತು. ಕೆಳದನಿಯಲ್ಲಿ, ಕೈಗಿಟ್ಟಂತೆ. *ಈ ಹೊಲದಾಗ ಮೂವತ್ತ ವರ್ಷ ಹತ್ತಿ ಬಿಡಿಸೇನಿ...*

"ಈ ಹೊಲದಾಗ ಮೂವತ್ತ ವರ್ಷ ಹತ್ತಿ ಬಿಡಿಸೇನಿ," ಎಂದಳು ಮಹಾನಂದಾ. "ನನ್ನ ಬೆರಳ ನೋಡ್ರಿ. ಕಾಯಿ ಸಿಪ್ಪಿ ಚುಚ್ಚಿ ಚುಚ್ಚಿ ಗೆರಿ ಅಳಿಸಿ ಹೋಗ್ಯಾವು. ಹೆಬ್ಬೆಟ್ಟು ಒತ್ತು ಅಂದ್ರ ಯಂತ್ರಕ್ಕ ನನ್ನ ಗುರುತ ಸಿಗವಲ್ದು!"

ಪಂಚರ ಸಾಲು ಸ್ತಬ್ಧವಾಯಿತು.

"ಉತಾರದಾಗ ಮಾವನ ಹೆಸರೈತಿ. ಗಂಡನ ಹೆಸರೈತಿ. ಸತ್ತ ಭಾವನ ಹೆಸರೈತಿ. ಸತ್ತವರ ಹೆಸರ ಬರದೀರಿ. ಬದುಕಿದಾಕಿ ಹೆಸರ ಬರ್ಯಾಕ ನಿಮ್ಮ ಪೆನ್ನಿನ್ಯಾಗ ಶಾಯಿ ಇಲ್ಲೇನು?"

ಕಿವಿಯೊಳಗಿನ ದನಿ ನಿಂತಿತು.

ಮತ್ತೆ! ಮತ್ತೆ ಅದೇ! ಮೋಸಗಾರ... ಹನ್ನೆರಡು ವರ್ಷ ಕಾದು ಮತ್ತೆ ಅಲ್ಲೇ ಇರಿದನಲ್ಲ!

ಆಗ ಅವಳಿಗೆ ಕೇಳಿಸಿತು.

ಅಂದು ಸಾವಿರ ಜನರ ಸೀಟಿಯಲ್ಲಿ ಕೇಳಿಸದೇ ಇದ್ದದ್ದು, ಇಂದು ಕಡಲೆ ಕಾಳಿನಷ್ಟು ಯಂತ್ರದೊಳಗಿಂದ ನೇರ ಅವಳ ಕಿವಿಗೆ ಬಿತ್ತು. ಅದು ಬರೀ ಮೌನವಾಗಿರಲಿಲ್ಲ. ಗಂಟಲಲ್ಲಿ ಒತ್ತಿ ಹಿಡಿದ ಬಿಕ್ಕು. ಒಂದು. ಮತ್ತೊಂದು. ಸಾಲು ಹೇಳಲು ಬಾಯಿ ತೆರೆದು, ಅಳು ತಡೆದು, ಮತ್ತೆ ತೆರೆದು ಸೋಲುತ್ತಿರುವ ಒಬ್ಬ ಗಂಡಸಿನ ಉಸಿರು.

ಬೇವಿನ ಗಿಡದತ್ತ ನೋಡಿದಳು. ಅವನು ಹಾಳೆಯನ್ನು ಮುಖಕ್ಕೆ ಹತ್ತಿರ ಹಿಡಿದು ಅಕ್ಷರ ಹುಡುಕುತ್ತಿದ್ದ. ಕಣ್ಣಿಗೆ ಅಕ್ಷರ ಕಾಣುತ್ತಿರಲಿಲ್ಲ.

ಅವತ್ತೂ ಹೀಗೇ ನಿಂತಿದ್ದನೇನು... ದೇವರೇ, ಅವತ್ತೂ ಹೀಗೇ!

ಯಜಮಾನರ ಮಗ ಸುಳ್ಳು ಹೇಳಿದ್ದ. ತಾನು ಆ ಸುಳ್ಳನ್ನು ಹನ್ನೆರಡು ವರ್ಷ ಸಾಕಿಕೊಂಡಿದ್ದಳು.

ಕಿವಿಯಲ್ಲಿ ಸಾಲಿರಲಿಲ್ಲ. ಬೇಕಾಗಿಯೂ ಇರಲಿಲ್ಲ.

"ಯಾಕ ಸುಮ್ಮಾದ್ರಿ?" ಮಹಾನಂದಾಳ ದನಿ ಎದ್ದಿತು. ಕಾಗದದಲ್ಲಿ ಇರದ ಮಾತು ಅದು. "ನನ್ನ ದನಿ ಕೇಳಸ್ತೈತಿಲ್ಲೋ? ಇದು ನನ್ನ ದನಿ! ಯಾರ ಕಡಿಂದನೂ ಕಡಾ ತಂದದ್ದಲ್ಲ. ಅತ್ತರ ಇದರಾಗ ಅಳಾಕಿ, ಬೈದರ ಇದರಾಗ ಬೈಯಾಕಿ. ಬರೀರಿ ನನ್ನ ಹೆಸರು. ನೀವು ಬರಿಯೂತನಕ ನಾ ಸಾಯಂಗಿಲ್ಲ. ಸಾಯಂಗಿಲ್ಲ!"

ಪ್ರಭು "ಕಟ್" ಅನ್ನುವುದನ್ನೇ ಮರೆತಿದ್ದ. ಪಂಚರ ಪಾತ್ರದ ಒಬ್ಬ ಮುದುಕ, ನಿಜವಾಗಿಯೂ ಜೇಬಿನಿಂದ ಪೆನ್ನು ತೆಗೆದಿದ್ದ.

ಖಾತುನಬಿ ಮೂಗು ಒರೆಸಿಕೊಂಡಳು. "ನಾ ನಗಸಾಕಿ. ನನ್ನ ಅಳಸ್ತೀಯಲ್ಲ ಬೇ..."

*

ಎಲ್ಲರೂ ಊಟಕ್ಕೆ ಹೋದಾಗ ಫಕೀರೇಶ ಬೇವಿನ ಗಿಡದ ಕೆಳಗೇ ಇದ್ದ. ಅವಳು ಬಂದು ಎದುರು ಕೂತಳು.

"ತಪ್ಪಾತ್ರಿ," ಎಂದ ಅವನು. "ಮತ್ತ ನಿಲ್ಲಿಸಿಬಿಟ್ಟೆ. ನಿಮ್ಮ ದನಿ ಕೇಳ್ಕೊಂತ ಇದ್ರ ಮುಂದಿನ ಸಾಲ ನನ್ನ ಕಡೆ ಐತಿ ಅನ್ನೂದ ಮರತ ಹೋಗ್ತೈತಿ..."

"ಅವತ್ತ ಯಾಕ ಹೇಳಲಿಲ್ಲ?"

"ಬಸ್ಸಿನ ಹಿಂದ ಓಡಿದ್ನೆಲ್ರೀ. ಹಳ್ಳದ ತನಕ ಓಡಿದೆ."

ಕಿಟಕಿಯ ಹೊರಗೆ ಓಡಿ ಬಂದವನು! ಅವಳು ಸೆರಗಿನ ಚುಂಗನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು.

"ನಾಟಕ ಮುಗದಮ್ಯಾಲೆ ಒಂದ ಮಾತು ಹೇಳೂದೈತಿ ಅಂದಿದ್ರಿ. ನಾಟಕ ಮುಗದ ಹನ್ನೆರಡ ವರ್ಷ ಆತು."

ಅವನು ಬಾಯಿ ತೆರೆದ. ಮುಚ್ಚಿದ. ಮತ್ತೆ ತೆರೆದ. ಸಾವಿರ ಸಾಲು ಬೇರೆಯವರಿಗೆ ಕೊಟ್ಟವನ ಬಳಿ ತನ್ನದೊಂದು ಸಾಲಿರಲಿಲ್ಲ.

ಮಹಾನಂದಾ ಮುಂದಕ್ಕೆ ಬಾಗಿ, ಪಡದೆಯ ಮರೆಯಿಂದ ಹೇಳುವಂತೆ, ಕೆಳದನಿಯಲ್ಲಿ ಹೇಳಿಕೊಟ್ಟಳು:

"ಮಹಾನಂದಾ..."

"ಮಹಾನಂದಾ..."

"ನನ್ನ ಜೋಡಿ..."

"ನನ್ನ ಜೋಡಿ..." ಅವನು ಅವಳ ಮುಖ ನೋಡಿದ. ಆಮೇಲೆ ಅವಳು ಹೇಳಿಕೊಡುವ ಮೊದಲೇ, "ಇರ್ತಿಯೇನು?" ಅಂದ. ಮೊದಲ ಸಲ ಏಕವಚನ.

ಬೇವಿನ ಹಣ್ಣೆಲೆಯೊಂದು ಇಬ್ಬರ ನಡುವೆ ಬಿತ್ತು.

"ಊರು ಸುಮ್ನಿರ್ತೈತೇನ್ರಿ?" ಅವಳು ಕೇಳಿದಳು. "ಫಕೀರೇಶ ನಾಟಕದಾಕಿನ್ನ ತಂದ ಅಂತಾರ."

"ತಪ್ಪು ತಿದ್ದತೀನಿ. ನಾ ತಂದಿಲ್ಲ, ನಾಟಕದಾಕೀನ ನನ್ನನ್ನ ಒಪ್ಪಿದಳು ಅಂತೀನಿ."

"ನಾ ನಾಟಕ ಬಿಡಂಗಿಲ್ಲ. ಸಿನಿಮಾನೂ ಬಿಡಂಗಿಲ್ಲ."

"ಬಿಟ್ರ ನಾ ಯಾರಿಗೆ ಪ್ರಾಂಪ್ಟ್ ಹೇಳ್ಲಿ?"

"ನಡುವ ನಿಲ್ಲಸಾಕಾ?"

ಅವನು ನಕ್ಕ. ಹನ್ನೆರಡು ವರ್ಷದಲ್ಲಿ ಆ ನಗುವನ್ನು ಊರೂ ನೋಡಿರಲಿಲ್ಲ.

"ನನ್ನದೂ ಒಂದ ಕರಾರು ಐತಿ," ಎಂದ. "ಆ ಗ್ವಾಡಿ ಮ್ಯಾಲಿನ ಫೋಟೋ ಮೊದಲ ತಗಿ. ನೋಡಿದ್ರ ನನ್ನ ಜೀವ ಹೋಗ್ತೈತಿ."

"ಚೌಕಟ್ಟು ಛಲೋ ಐತ್ರಿ..."

"ಚೌಕಟ್ಟು ಇರ್ಲಿ. ಒಳಗ ಇಬ್ಬರದೂ ಹಾಕೂಣು."

ಅವಳು ಎದ್ದು ಕೈ ಚಾಚಿದಳು. ಅವನು ಹಿಡಿದುಕೊಂಡು ಎದ್ದ. ಹತ್ತಿ ಹೊಲದ ಬದುವಿನ ಮೇಲೆ, ಊಟಕ್ಕೆ ಕೂತ ಊರಿನ ಕಣ್ಣ ಮುಂದೆಯೇ, ಇಬ್ಬರೂ ನಡೆದರು.

"ಮತ್ತ ಮಾಲಿ ಗೀಲಿ ಹಾಕಬ್ಯಾಡ್ರಿ," ಎಂದಳು ಅವಳು, ನಗು ತಡೆಯುತ್ತಾ.

"ಹಾಕಾಂವ್ನ!"

"ಏನ್ರೀ?"

"ಮಾಲಿ ಹಾಕಾಂವ್ನ, ಮಹಾನಂದಾ," ಫಕೀರೇಶ ಅವಳ ಕೈಯನ್ನು ಇನ್ನಷ್ಟು ಬಿಗಿಯಾಗಿ ಹಿಡಿದ. "ಫೋಟೋಕ್ಕಲ್ಲ."